ಗಣಕಯಂತ್ರವೂ ಗಡಿನಾಡ ಕನ್ನಡವೂ

"ಕಂಪ್ಯೂಟರಿನಲ್ಲಿ ಕನ್ನಡ ಬರುವುದಿಲ್ಲ" ಎಂಬುದು ಗಡಿನಾಡಿನ ಕನ್ನಡಿಗರು ಕಚೇರಿಗಳಲ್ಲಿ ಬಹುಕಾಲದಿಂದ ಕೇಳುತ್ತ ಬಂದ ಮಾತು. ಅರ್ಜಿಯ ನಮೂನೆ ಕೇಳಿದರೂ ಇದೇ ಉತ್ತರ, ರಸೀದಿ ಕೇಳಿದರೂ ಇದೇ ಉತ್ತರ. ಒಂದು ಕಾಲದಲ್ಲಿ ಈ ಮಾತು ನಿಜವಾಗಿತ್ತು. ಇಂದು ಅದು ಬರಿಯ ನೆಪ. ಆ ನಿಜ ನೆಪವಾಗಿ ಮಾರ್ಪಟ್ಟ ಬಗೆಯನ್ನು ನಮ್ಮವರು ತಿಳಿದಿರಬೇಕಾದುದು ಅಗತ್ಯವೆಂದು ನಾವು ಭಾವಿಸುತ್ತೇವೆ.

ಈ ವಿಚಾರದಲ್ಲಿ ಆದವಾನಿಯ ಕನ್ನಡಿಗರನ್ನೂ ನಾವು ನೆನೆಯಬೇಕು. ಈಗ ಆದೋನಿ ಎಂದು ಬರೆಯಲಾಗುವ ಆ ಹತ್ತಿಯ ಪೇಟೆ ಹಿಂದೆ ಬಳ್ಳಾರಿ ಜಿಲ್ಲೆಯಲ್ಲಿತ್ತು. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಹುಟ್ಟಿದಾಗ ಆದವಾನಿ, ಆಲೂರು, ರಾಯದುರ್ಗ ತಾಲೂಕುಗಳು ಅತ್ತ ಹೋದುವು. ಮೊದಲಿನ ಎರಡು ಕರ್ನೂಲು ಜಿಲ್ಲೆಯ ಪಡುಭಾಗವಾದುವು. ಮೂರು ವರ್ಷ ಕಳೆದು, 1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಸೇರಿತು. ಅವರ ಸುತ್ತ ತೆಲುಗು, ನಮ್ಮ ಸುತ್ತ ಮಲಯಾಳ. ಕಷ್ಟ ಮಾತ್ರ ಒಂದೇ.

ಮನೆಯ ಟಿ.ವಿ.ಗೆ ಜೋಡಿಸಿ ಆಟವಾಡಬಹುದಾದ, ಲೆಕ್ಕವನ್ನೂ ಕಲಿಯಬಹುದಾದ ಅಗ್ಗದ ಗಣಕಯಂತ್ರಗಳು ಹೊರದೇಶಗಳಲ್ಲಿ ಮನೆಮಾತಾದುದು 1980ರ ದಶಕದಲ್ಲಿ. 1982ರಲ್ಲಿ ಬ್ರಿಟನಿನ ಸ್ಪೆಕ್ಟ್ರಮ್ ಬಂತು, ಅದೇ ವರ್ಷ ಅಮೆರಿಕದ ಕಮೊಡೋರ್ 64 ಬಂತು. ಈ ಯಂತ್ರಗಳಲ್ಲಿ ಒಂದು ಅಕ್ಷರಕ್ಕೆ ದೊರೆಯುತ್ತಿದ್ದ ಜಾಗ ಅಡ್ಡಕ್ಕೆ ಎಂಟು, ಉದ್ದಕ್ಕೆ ಎಂಟು ಚುಕ್ಕಿ, ಅಷ್ಟೆ. ಇಂಗ್ಲಿಷಿನ ಅಕ್ಷರ ಆ ಚೌಕದಲ್ಲಿ ಸುಖವಾಗಿ ಕುಳಿತುಕೊಳ್ಳುತ್ತದೆ. ನಮ್ಮ 'ಸ್ತ್ರೀ' ಎಂಬೊಂದು ಅಕ್ಷರಕ್ಕೆ ಗುಡಿಸು, ದೀರ್ಘ, ಕೆಳಗೆ ಎರಡು ಒತ್ತು, ಇಷ್ಟೆಲ್ಲ ಬೇಕು. ಎಂಟು ಚುಕ್ಕಿಯೊಳಗೆ ಅದು ಹಿಡಿಯದೆಂಬುದನ್ನು ಅಂಗಳದಲ್ಲಿ ರಂಗೋಲಿಯಿಡುವ ನಮ್ಮ ಹೆಣ್ಣುಮಕ್ಕಳೇ ಹೇಳಿಯಾರು.

ಭಾರತ ಸರಕಾರ 1984-85ರಲ್ಲಿ 'ಕ್ಲಾಸ್' ಯೋಜನೆಯಡಿ ಶಾಲೆಗಳಿಗೆ ಗಣಕಯಂತ್ರ ಕೊಡತೊಡಗಿದಾಗ ಆರಿಸಿದ್ದೂ ಬ್ರಿಟನಿನ ಬಿ.ಬಿ.ಸಿ. ಮೈಕ್ರೊ ಯಂತ್ರವನ್ನೇ. ಅದರ ಭಾಷೆಯೂ ಇಂಗ್ಲಿಷ್. 1990ರ ದಶಕದಲ್ಲಿ ಜಪಾನಿನ ನಿಂಟೆಂಡೊ ಯಂತ್ರದ ನಕಲುಗಳು ಪೇಟೆಗೆ ಬಂದು, ನಮ್ಮ ಮಕ್ಕಳು ಟಿ.ವಿ. ಗೇಮ್ ಆಡತೊಡಗಿದರು. ಕನ್ನಡದ ಕಾಗುಣಿತ ಕೈಗೆ ಕೂಡುವ ಮೊದಲೇ 'ಸ್ಟಾರ್ಟ್', 'ಗೇಮ್ ಓವರ್' ಎಂಬುವು ಕಣ್ಣಿಗೆ ಪಳಗಿದುವು. ಯಂತ್ರವೆಂದರೆ ಇಂಗ್ಲಿಷ್ ಎಂಬ ಭಾವನೆ ಬೇರುಬಿಟ್ಟುದು ಹೀಗೆ.

ಈ ಕಟ್ಟನ್ನು ಬಿಡಿಸಲು ದುಡಿದವರಲ್ಲಿ ನಮ್ಮ ನೆರೆಯವರೇ ಒಬ್ಬರಿದ್ದಾರೆ. ಮಂಗಳೂರಿನ ಸಮೀಪದ ಕಿನ್ನಿಕಂಬಳದ ಕೆ.ಪಿ. ರಾವ್ ಅವರು ಇಂಗ್ಲಿಷ್ ಕೀಲಿಮಣೆಯ 26 ಅಕ್ಷರಕೀಲಿಗಳಲ್ಲೇ ಕನ್ನಡದ ಸಮಸ್ತ ಅಕ್ಷರಗಳನ್ನೂ ಮೂಡಿಸುವ ವಿನ್ಯಾಸ ರಚಿಸಿದರು. ತಮ್ಮ ತಂತ್ರಾಂಶಕ್ಕೆ ಪಂಡಿತ ಸೇಡಿಯಾಪು ಕೃಷ್ಣ ಭಟ್ಟರ ನೆನಪಿನಲ್ಲಿ 'ಸೇಡಿಯಾಪು' ಎಂದೇ ಹೆಸರಿಟ್ಟರು. ಮುಂದೆ ಕರ್ನಾಟಕ ಸರಕಾರ ಅವರ ವಿನ್ಯಾಸವನ್ನು ಅಂಗೀಕರಿಸಿತು; ಕನ್ನಡ ಗಣಕ ಪರಿಷತ್ತಿನ 'ನುಡಿ' ಅದನ್ನೇ ಬಳಸಿತು. 1998ರಲ್ಲಿ ಶೇಷಾದ್ರಿವಾಸು ಅವರ 'ಬರಹ'ವೂ ಬಂತು.

ಜಗತ್ತಿನ ಲಿಪಿಗಳಿಗೆಲ್ಲ ಸ್ಥಾನ ಗೊತ್ತುಮಾಡುವ ಯೂನಿಕೋಡ್ ಪಟ್ಟಿಯಲ್ಲಿ 1991ರ ಮೊದಲ ಆವೃತ್ತಿಯಿಂದಲೇ ಕನ್ನಡವಿದೆ. ಅಲ್ಲಿ ತೆಲುಗಿಗೆ 128 ಸ್ಥಾನ; ಅದರ ಮಗ್ಗುಲಲ್ಲಿ ಕನ್ನಡಕ್ಕೆ 128; ಅದಕ್ಕೆ ತಾಗಿ ಮಲಯಾಳಕ್ಕೆ 128. ಒಂದು ಬದಿ ಆದವಾನಿಯ ಗಡಿ, ಇನ್ನೊಂದು ಬದಿ ಕಾಸರಗೋಡಿನ ಗಡಿ, ನಡುವೆ ಕನ್ನಡ. ಆ ಪಟ್ಟಿಯಲ್ಲಿ ಮೂವರೂ ಸಮಾನರು, ಅಲ್ಪಸಂಖ್ಯಾತರು ಯಾರೂ ಇಲ್ಲ. 2001ರ ವಿಂಡೋಸ್ ಎಕ್ಸ್‌ಪಿಯಲ್ಲೇ ಕನ್ನಡ ಅಕ್ಷರಗಳು ಮೂಡುತ್ತಿದ್ದುವು. ಭಾರತ ಸರಕಾರ ಗೊತ್ತುಮಾಡಿದ ಇನ್‌ಸ್ಕ್ರಿಪ್ಟ್ ಕೀಲಿಮಣೆಯಲ್ಲಂತೂ ತೆಲುಗಿನ, ಕನ್ನಡದ, ಮಲಯಾಳದ 'ಕ'ಕಾರಕ್ಕೆ ಇರುವುದು ಒಂದೇ ಕೀಲಿ. ಅದರಲ್ಲಿ ಮಲಯಾಳ ಬೆರಳಚ್ಚು ಬಲ್ಲ ಗುಮಾಸ್ತನ ಬೆರಳಿಗೆ ಕನ್ನಡದ ಕೀಲಿಗಳು ಹೊಸತಲ್ಲ. ಅವನು ಕಲಿಯಬೇಕಾದುದು ಲಿಪಿಯನ್ನು ಮಾತ್ರ.

ಹೀಗಿರುವಾಗ "ಬರುವುದಿಲ್ಲ" ಎನ್ನುವುದು ಯಂತ್ರವಲ್ಲ, ಮನುಷ್ಯರು. ಕೇರಳದ 1969ರ ಆಡಳಿತ ಭಾಷಾ ಕಾಯಿದೆ ಕನ್ನಡ ಅಲ್ಪಸಂಖ್ಯಾತರಿಗೆ ಸರಕಾರದೊಡನೆ ಕನ್ನಡದಲ್ಲಿ ವ್ಯವಹರಿಸುವ ಅವಕಾಶ ಕೊಟ್ಟಿತು. ಅಂದು ಕೈಬರಹದಲ್ಲಿ ಸಲ್ಲುತ್ತಿದ್ದುದು ಗಣಕಯಂತ್ರ ಬಂದ ಮೇಲೆ ಸಲ್ಲದೆ ಹೋಗುವುದು ನ್ಯಾಯವೇ? 2001ರಲ್ಲಿ ಕೇರಳದಲ್ಲಿ ಆರಂಭವಾದ ಐ.ಟಿ. ಅಟ್ ಸ್ಕೂಲ್ ಯೋಜನೆಯಿಂದ ನಮ್ಮ ಶಾಲೆಗಳಿಗೂ ಯಂತ್ರ ಬಂತು, ಕನ್ನಡದಲ್ಲಿ ಪಠ್ಯಪುಸ್ತಕವೂ ಬಂತು ಎಂಬುದನ್ನು ಸಂತೋಷದಿಂದ ಒಪ್ಪುತ್ತೇವೆ. ಆಂಧ್ರದಲ್ಲಿಯೂ ಹತ್ತನೆಯ ತರಗತಿಯ ಪರೀಕ್ಷೆಗೆ ಕನ್ನಡವನ್ನು ಪ್ರಥಮ ಭಾಷೆಯಾಗಿ ಬರೆಯಬಹುದು. 2022ರ ಡಿಸೆಂಬರಿನಲ್ಲಿ ಅಲ್ಲಿನ ಸರಕಾರ ಎಂಟನೆಯ ತರಗತಿಯ ಮಕ್ಕಳಿಗೆ ಟ್ಯಾಬ್ ಹಂಚಿತು. ಸರಕಾರ ಕೊಡುವ ಯಂತ್ರದೊಳಗೆ ಕನ್ನಡದ ಪಾಠ ಎಷ್ಟು ಎಂದು ಕೇಳುವ ಹಕ್ಕು ಆದವಾನಿಯ, ಹೊಳಗುಂದದ ಹೆತ್ತವರಿಗಿದೆ. ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಶಿಕ್ಷಣಕ್ಕೆ ಏರ್ಪಾಡು ಮಾಡಬೇಕೆನ್ನುವ ಸಂವಿಧಾನದ 350ಎ ವಿಧಿ ಕಾಗದದ ಪುಸ್ತಕಕ್ಕೆ ಮಾತ್ರ ಅನ್ವಯಿಸುವಂಥದಲ್ಲ.

ಆದರೆ ಸರಕಾರವನ್ನು ಮಾತ್ರ ದೂರಿ ಕುಳಿತರೆ ಸಾಲದು. ನಮ್ಮ ಮನೆಗಳಲ್ಲಿಯೇ ಮದುವೆಯ ಕರೆ, ಮರಣದ ಸುದ್ದಿ, ಮಗಳ ಕ್ಷೇಮಸಮಾಚಾರ ಎಲ್ಲವೂ ಮೊಬೈಲಿನಲ್ಲಿ ಇಂಗ್ಲಿಷ್ ಅಕ್ಷರಗಳಲ್ಲಿ ಬರೆದ ಕನ್ನಡವಾಗುತ್ತಿದೆ. ಮಾತು ಕನ್ನಡ, ಬರಹ ಅನ್ಯ. ಒಂದು ತಲೆಮಾರು ಹೀಗೆಯೇ ಕಳೆದರೆ, ಕನ್ನಡ ಶಾಲೆಗೆ ಮಕ್ಕಳಿಲ್ಲವೆಂದು ಯಾರೂ ಆಜ್ಞೆ ಹೊರಡಿಸಬೇಕಾಗಿಲ್ಲ. ಕನ್ನಡ ಓದುವವರೇ ಇರಲಾರರು. ಇಂಗ್ಲಿಷ್ ಕಲಿಯಬೇಡಿ ಎಂದು ನಾವು ಹೇಳುತ್ತಿಲ್ಲ. ಹೊಟ್ಟೆಪಾಡಿಗೆ ಅದು ಬೇಕು. ಅಜ್ಜಿಗೆ ಬರೆಯುವ ನಾಲ್ಕು ಸಾಲಿಗೆ ಅದು ಬೇಕಿಲ್ಲ.

ಕನ್ನಡ ಶಾಲೆಗಳ ಗಣಕ ತರಗತಿಯಲ್ಲಿ ಕನ್ನಡ ಬೆರಳಚ್ಚು ಕಡ್ಡಾಯವಾಗಲಿ. ಗಡಿಭಾಗದ ಕಚೇರಿಗಳಲ್ಲಿ ಕನ್ನಡ ಬಲ್ಲ ಒಬ್ಬ ನೌಕರನಾದರೂ ಯಂತ್ರದ ಮುಂದೆ ಕುಳಿತಿರಲಿ. ಮನೆಗಳಲ್ಲಿ ಇಂದೇ, ಈ ಪತ್ರಿಕೆಯನ್ನು ಮಡಿಸಿಟ್ಟ ಮೇಲೆ, ಕೈಯಲ್ಲಿರುವ ಮೊಬೈಲಿಗೆ ಕನ್ನಡ ಕೀಲಿಮಣೆಯನ್ನು ಸೇರಿಸಿಕೊಳ್ಳಲಿ. ಈ ಕೊನೆಯ ಕೆಲಸಕ್ಕೆ ಯಾವ ಸರಕಾರದ ಅಪ್ಪಣೆಯೂ ಬೇಕಾಗಿಲ್ಲ.