ವಿದ್ಯೆಯ ಹೆಸರಿನಲ್ಲಿ ವಂಚನೆ

ಕೂಲಿಗೆ ಬದಲಾಗಿ ವಿದ್ಯೆ ಕೊಡುವೆವೆಂದು ಮಾತು ಕೊಟ್ಟವರು ಆ ವಿದ್ಯೆಯನ್ನೂ ಕೊಡದೆ ಹೋದರೆ ಅದನ್ನು ಏನೆಂದು ಕರೆಯಬೇಕು? ಅಮೇರಿಕದ ಚಾಪೆಲ್ ಹಿಲ್‌ನಲ್ಲಿರುವ ಉತ್ತರ ಕೆರೊಲಿನಾ ವಿಶ್ವವಿದ್ಯಾಲಯದಲ್ಲಿ ನಡೆದುದು ಇಂತಹುದೇ.

1993ರಿಂದ 2011ರ ವರೆಗೆ ಅಲ್ಲಿನ ಆಫ್ರಿಕನ್ ಅಧ್ಯಯನ ವಿಭಾಗದಲ್ಲಿ ಹೆಸರಿಗೆ ಮಾತ್ರ ತರಗತಿಗಳಿದ್ದವು. ಪಾಠವಿಲ್ಲ, ಹಾಜರಿಯಿಲ್ಲ, ಅಧ್ಯಾಪಕರ ದರ್ಶನವೂ ಇಲ್ಲ. ಕೊನೆಗೊಂದು ಪ್ರಬಂಧವನ್ನು ಒಪ್ಪಿಸಿದರಾಯಿತು. ಅದರ ಗುಣವನ್ನೆಣಿಸದೆ ಉತ್ತಮ ಶ್ರೇಣಿ ನೀಡುತ್ತಿದ್ದವರು ಕಛೇರಿಯ ಕಾರ್ಯದರ್ಶಿ. 2014ರಲ್ಲಿ ಹೊರಬಂದ ಕೆನೆತ್ ವೈನ್‌ಸ್ಟೀನ್ ಅವರ ತನಿಖಾ ವರದಿಯಂತೆ ಇಂತಹ ತರಗತಿಗಳನ್ನು ತೆಗೆದುಕೊಂಡವರು 3,100ಕ್ಕೂ ಹೆಚ್ಚು ಮಂದಿ. ದಾಖಲಾತಿಗಳಲ್ಲಿ ಅರ್ಧಕ್ಕೆ ಸಮೀಪದ ಪಾಲು ಆಟಗಾರರದು. ನಿಗದಿಯಾದ ಅಂಕಗಳಿಲ್ಲದಿದ್ದರೆ ಮೈದಾನಕ್ಕಿಳಿಯುವಂತಿಲ್ಲವೆಂಬ ನಿಯಮವಿರುವುದರಿಂದ, ಓದಿಗೆ ನೆರವಾಗಬೇಕಾಗಿದ್ದ ಸಲಹೆಗಾರರಲ್ಲಿ ಕೆಲವರೇ ಅವರನ್ನು ಅಲ್ಲಿಗೆ ಕಳುಹಿಸುತ್ತಿದ್ದರು. ಕಷ್ಟದಲ್ಲಿದ್ದ ವಿದ್ಯಾರ್ಥಿಗಳ ಮೇಲಿನ ಕನಿಕರವೇ ಕಾರ್ಯದರ್ಶಿಯನ್ನು ಪ್ರೇರಿಸಿತೆಂದು ವರದಿ ಹೇಳುತ್ತದೆ. ಹಸಿದವನಿಗೆ ಬರಿಯ ಎಲೆ ಹಾಕಿ ಎಬ್ಬಿಸುವ ಕನಿಕರವಿದು!

2015ರಲ್ಲಿ ಮಾನ್ಯತಾ ಮಂಡಳಿಯು ವಿಶ್ವವಿದ್ಯಾಲಯವನ್ನು ಒಂದು ವರ್ಷ ಪರಿವೀಕ್ಷಣೆಯಲ್ಲಿರಿಸಿತು. ಆದರೆ 2017ರಲ್ಲಿ ರಾಷ್ಟ್ರೀಯ ಕಾಲೇಜು ಕ್ರೀಡಾಸಂಘವು, ಈ ತರಗತಿಗಳು ಇತರ ವಿದ್ಯಾರ್ಥಿಗಳಿಗೂ ತೆರೆದಿದ್ದವೆಂಬ ಕಾರಣದಿಂದ, ಸಂಸ್ಥೆಗೆ ದಂಡನೆ ವಿಧಿಸಲಿಲ್ಲ. ಮೋಸವು ಎಲ್ಲರಿಗೂ ಸಮನಾಗಿ ಹಂಚಿಕೆಯಾದರೆ ಅದು ಮೋಸವಲ್ಲವೆಂಬ ಈ ತರ್ಕವನ್ನು ನಾವು ಒಪ್ಪಲಾರೆವು.

ಆ ವರ್ಷಗಳಲ್ಲಿ ಕಾಲೇಜು ಆಟಗಾರನಿಗೆ ಸಂಬಳವಿರಲಿಲ್ಲ. ಕ್ರೀಡಾಂಗಣ ತುಂಬಿ ಹಣ ಹರಿಯುತ್ತಿದ್ದರೂ ಅವನ ಪಾಲಿಗೆ ಬರುತ್ತಿದ್ದುದು ವಿದ್ಯಾರ್ಥಿವೇತನ ಮತ್ತು ಪದವಿ. ಆ ಪದವಿಯೇ ಪೊಳ್ಳಾದರೆ ಖೋಟಾ ನಾಣ್ಯದಲ್ಲಿ ಕೂಲಿ ಕೊಟ್ಟಂತೆಯೇ ಸರಿ. 2021ರಿಂದ ತಮ್ಮ ಹೆಸರಿನ ಮೇಲೆ ಸಂಪಾದಿಸಲು, 2025ರಿಂದ ವಿಶ್ವವಿದ್ಯಾಲಯಗಳಿಂದಲೇ ನೇರವಾಗಿ ಹಣ ಪಡೆಯಲು ಆಟಗಾರರಿಗೆ ಅವಕಾಶವಾಗಿದೆ. ಆದರೂ ಕಾಲೇಜಿನಿಂದಾಚೆಗೆ ಆಟದಿಂದಲೇ ಬದುಕುವವರು ಕೆಲವೇ ಮಂದಿ. ಮಿಕ್ಕವರನ್ನು ಕಾಯಬೇಕಾದುದು ಕಲಿತ ವಿದ್ಯೆಯೇ.

ನಮ್ಮವರೇ ಆದ ಇ.ಎ.ಎಸ್. ಪ್ರಸನ್ನರ ನಿದರ್ಶನ ಇಲ್ಲಿ ಸ್ಮರಣೀಯ. 1962ರಲ್ಲಿ ಟೆಸ್ಟ್ ಪಂದ್ಯಕ್ಕಿಳಿದು, ಅದೇ ವರ್ಷ ವೆಸ್ಟ್ ಇಂಡೀಸ್ ಪ್ರವಾಸವನ್ನೂ ಮುಗಿಸಿದ ಅವರು ಇಂಜಿನಿಯರಿಂಗ್ ಪದವಿಗಾಗಿ ಮೈಸೂರಿಗೆ ಹಿಂದಿರುಗಿದರು. ಮತ್ತೆ ಟೆಸ್ಟ್ ಆಡಿದುದು 1967ರಲ್ಲಿ. ಆ ವಿರಾಮದಿಂದ ಅವರ ಬೌಲಿಂಗ್‌ನ ಮೊನೆ ಮಂಕಾಗಲಿಲ್ಲವೆಂಬುದಕ್ಕೆ ನಂತರದ ವರ್ಷಗಳೇ ಸಾಕ್ಷಿ.

ಹಗಲೆಲ್ಲ ಹೋಟೆಲಿನಲ್ಲಿ ದುಡಿದು, ರಾತ್ರಿ ಶಾಲೆಯ ಬೆಂಚಿನಲ್ಲಿ ತೂಕಡಿಕೆಯನ್ನು ಗೆದ್ದು ಪರೀಕ್ಷೆ ಪಾಸಾದವರು ಮುಂಬಯಿಯ ಕನ್ನಡಿಗರಲ್ಲಿ ಎಷ್ಟೋ ಮಂದಿ. ದುಡಿಯುವವರೆಂದು ಅವರ ಉತ್ತರ ಪತ್ರಿಕೆಯನ್ನು ಬೇರೊಬ್ಬರು ಬರೆಯಲಿಲ್ಲ. ಅವರಿಗೆ ಬೇಕಾಗಿದ್ದುದು ಅನುಕೂಲವಾದ ವೇಳೆ ಮತ್ತು ಶ್ರದ್ಧೆಯಿಂದ ಕಲಿಸುವ ಗುರು. ಆಟಗಾರನಿಗೂ ಅಷ್ಟೇ ಸಲ್ಲಬೇಕು. ಪಂದ್ಯಕ್ಕೆ ಹೋದವನಿಗೆ ಪರೀಕ್ಷೆಯ ದಿನ ಬದಲಾಗಲಿ, ತಪ್ಪಿದ ಪಾಠವನ್ನು ಮತ್ತೆ ಹೇಳಿಕೊಡಲಿ, ಮೂರು ವರ್ಷದ ಓದಿಗೆ ನಾಲ್ಕು ವರ್ಷ ಹಿಡಿದರೆ ಹಿಡಿಯಲಿ. ಆದರೆ ಕಲಿಯದುದಕ್ಕೆ ಅಂಕ ಕೊಡುವುದು ಬೇಡ. ಕ್ರೀಡೆಯ ಹೆಸರಿನಲ್ಲಿ ಕಾಲೇಜು ಸೇರುವ ನಮ್ಮ ಮಕ್ಕಳ ವಿಷಯದಲ್ಲಿಯೂ ತಂದೆತಾಯಿಗಳು ಪದಕದೊಡನೆ ಪುಸ್ತಕವನ್ನೂ ಕೇಳಿ ನೋಡುವುದು ಒಳ್ಳೆಯದು.