ಯುದ್ಧಕಾಲವೂ ದೀನರ ಪೋಷಣೆಯೂ

ಯುದ್ಧದ ಸುದ್ದಿಯು ಕಿವಿಗೆ ಬಿದ್ದೊಡನೆ ಕೆಲವರು ಪ್ರಾಜ್ಞರು ಹೇಳುವುದುಂಟು: ಬೊಕ್ಕಸವು ಈಗ ಸೇನೆಗೆ ಮೀಸಲು; ವೃದ್ಧರು, ವಿಧವೆಯರು, ಅನಾಥರು ಇವರ ಪೋಷಣೆಯನ್ನು ಶಾಂತಿಯು ನೆಲಸಿದ ಮೇಲೆ ಯೋಚಿಸತಕ್ಕದ್ದು. ಈ ವಾದವು ಶಾಸ್ತ್ರಕ್ಕೂ ಅನುಭವಕ್ಕೂ ವಿರುದ್ಧವಾದುದು.

ಸಭಾಪರ್ವದಲ್ಲಿ ನಾರದರು ಧರ್ಮರಾಯನನ್ನು ಕೋಶ, ದುರ್ಗ, ಸೇನೆಗಳ ವಿಷಯವಾಗಿ ಪ್ರಶ್ನಿಸುವರಷ್ಟೆ. ಅವುಗಳೊಡನೆಯೇ, ಅರಸನಿಗಾಗಿ ಮಡಿದವರ ಮಡದಿಯರಿಗೆ ಪೋಷಣೆಯುಂಟೆ, ಕುರುಡರಿಗೂ ಹೆಳವರಿಗೂ ಬಂಧುಹೀನರಿಗೂ ರಕ್ಷಣೆಯುಂಟೆ ಎಂದೂ ವಿಚಾರಿಸುವರು. ಕಠಿನನೆಂದು ಹೆಸರಾದ ಕೌಟಿಲ್ಯನೂ ಬಾಲರು, ವೃದ್ಧರು, ರೋಗಿಗಳು, ಅನಾಥರು ಇವರ ಭರಣವನ್ನು ರಾಜನ ಮೇಲೆಯೇ ಹೊರಿಸಿರುವನು.

ಇನ್ನು ಅನುಭವ. 1942ರಲ್ಲಿ ಬರ್ಮಾ ದೇಶವು ಜಪಾನೀಯರ ವಶವಾಗಿ ಅಲ್ಲಿಯ ಅಕ್ಕಿ ನಿಂತುಹೋಯಿತು. 1943ರಲ್ಲಿ ಬಂಗಾಳದಲ್ಲಿ ಕ್ಷಾಮವು ತಲೆದೋರಿತು. ಸರ್ಕಾರದ ವಿಚಾರಣಾ ಆಯೋಗವೇ ಸತ್ತವರು ಸುಮಾರು 15 ಲಕ್ಷವೆಂದಿತು. ಮುಂದಿನ ವಿದ್ವಾಂಸರ ಎಣಿಕೆ 30 ಲಕ್ಷದವರೆಗೂ ಹೋಗಿದೆ. ಕಲ್ಕತ್ತೆಯ ಯುದ್ಧೋದ್ಯಮದ ಕೆಲಸಗಾರರಿಗೆ ಧಾನ್ಯ ದೊರೆಯಿತು. ಹಳ್ಳಿಯ ಕೂಲಿಯವನೂ ಬೆಸ್ತನೂ ಬೀದಿಯಲ್ಲಿ ಬಿದ್ದು ಸತ್ತರು. ಧಾನ್ಯದ ಕೊರತೆಗಿಂತ, ಏರಿದ ಬೆಲೆಗೆ ಕೊಳ್ಳುವ ಶಕ್ತಿಯಿಲ್ಲದುದೇ ಅವರನ್ನು ಕೊಂದಿತೆಂದು ಅಮರ್ತ್ಯ ಸೇನರು 1981ರಲ್ಲಿ ವಿಶದಪಡಿಸಿದರು. ಅದೇ ಸಾಮ್ರಾಜ್ಯದ ಇಂಗ್ಲೆಂಡಿನಲ್ಲಾದರೋ 1940ರಿಂದಲೇ ಧನಿಕರಿಗೂ ಬಡವರಿಗೂ ಪಡಿತರದ ಏರ್ಪಾಡಿತ್ತು. ಯುದ್ಧವು ನಡೆಯುತ್ತಿರುವಾಗಲೇ, 1942ರ ಡಿಸೆಂಬರಿನಲ್ಲಿ, ಬೆವೆರಿಜ್ ವರದಿಯು ಸಮಸ್ತ ಪ್ರಜೆಗಳ ಯೋಗಕ್ಷೇಮದ ಯೋಜನೆಯನ್ನು ಮುಂದಿಟ್ಟಿತು. ಹಣವಿಲ್ಲವೆಂಬ ನೆಪವು ಯಾರ ಪಾಲಿಗೆ ಮಾತ್ರ ಹೊರಡುವುದೆಂಬುದನ್ನು ವಾಚಕರೇ ಊಹಿಸಬಹುದು.

ಕನ್ನಂಬಾಡಿಯ ನೀರು ಹರಿಯುವ ಮಂಡ್ಯದ ಸೀಮೆಗೆ ಈ ಭಯವೇಕೆಂದು ಕೆಲವರು ಆಕ್ಷೇಪಿಸುವರು. ವಿ.ಸಿ. ಫಾರಂ 1931ರಿಂದ ಭತ್ತ, ಕಬ್ಬು, ರಾಗಿಗಳಿಗಾಗಿ ದುಡಿದಿದೆ. ಲಕ್ಷ್ಮಣಯ್ಯನವರ ಇಂಡಾಫ್ ರಾಗಿ ಅಲ್ಲಿಂದಲೇ ನಾಡಿಗೆ ಬಂದಿತು. ಅದು ಸ್ತುತ್ಯವೇ ಸರಿ. ಆದರೆ ಬಂಗಾಳವೂ ಬತ್ತದ ನಾಡೇ ಆಗಿತ್ತು. ನಾಟಿ ಹಾಕುವ ಭೂಮಿಯಿಲ್ಲದ ಹೆಂಗಸು ತಾನೇ ನೆಟ್ಟ ಪೈರಿನ ಅಕ್ಕಿಯನ್ನು ಕೂಲಿಯ ಕಾಸಿನಿಂದ ಕೊಳ್ಳಬೇಕು. ಯುದ್ಧಕಾಲದಲ್ಲಿ ಬೆಲೆಯು ಓಡುವುದು, ಕೂಲಿಯು ಕುಂಟುವುದು. ಫಾರಮ್ಮಿನ ಬೀಜವು ಗದ್ದೆಯನ್ನು ತುಂಬಬಲ್ಲುದು. ಅವಳ ಮಡಕೆಯನ್ನು ತುಂಬಲು ನ್ಯಾಯಬೆಲೆ ಅಂಗಡಿಯೇ ಬೇಕು.

2013ರ ಆಹಾರ ಭದ್ರತಾ ಕಾಯಿದೆಯು ಪಡಿಯನ್ನು ಹಕ್ಕಾಗಿ ಮಾಡಿರುವುದು. ಯುದ್ಧವು ಬಂದಾಗ ಆ ಪಡಿಯನ್ನೂ ವೃದ್ಧಾಪ್ಯ ವಿಧವಾ ವೇತನಗಳನ್ನೂ ಕಡಿಯುವುದಿರಲಿ, ಏರಿದ ಬೆಲೆಗನುಸಾರವಾಗಿ ಹೆಚ್ಚಿಸತಕ್ಕದ್ದು. ಗಡಿಯಲ್ಲಿ ನಿಂತ ಸಿಪಾಯಿಯು ಊರಿನಲ್ಲಿರುವ ತನ್ನ ಮುದಿತಾಯಿಯ ಹಸಿವನ್ನು ನೆನೆದು ಕೊರಗುವಂತಾದರೆ ಆ ಸೇನೆಗೆ ಬಲವೆಲ್ಲಿಯದು?