ಹಂಫ್ರಿಗಂಜಿನಲ್ಲಿ ಗಾಡಿ ನಿಲ್ಲಿಸಿ

ಅಂಡಮಾನಿಗೆ ಹೋಗಿಬಂದವರು ಈಗ ಬೀದಿಗೆ ನಾಲ್ಕು ಮನೆಯಲ್ಲಿದ್ದಾರೆ. ಸೆಲ್ಯುಲಾರ್ ಜೈಲಿನ ಧ್ವನಿ-ಬೆಳಕು ನೋಡಿ ಕಣ್ಣು ತುಂಬಿಬಂತು ಎನ್ನುತ್ತಾರೆ. ಸುಳ್ಳಲ್ಲ, ನನಗೂ ತುಂಬಿಬಂದಿತ್ತು. ಹಂಫ್ರಿಗಂಜ್ ನೋಡಿದಿರಾ ಎಂದು ಕೇಳಿ. ಅದೆಲ್ಲಿ ಬರುತ್ತೆ ಎನ್ನುತ್ತಾರೆ.

ಜಾಲಿಬಾಯ್ ದ್ವೀಪ ನೋಡಲು ಹೋಗುತ್ತೀರಲ್ಲ, ಆ ವಂಡೂರಿನ ಕಡೆಯೇ ಬರುತ್ತೆ. ನಮ್ಮನ್ನು ಕರೆದೊಯ್ದಿದ್ದ ಟೂರಿನವರಿಗೆ ಅಲ್ಲಿ ಗಾಡಿ ನಿಲ್ಲಿಸಿ ಎಂದೆ. "ಅದು ಪ್ಯಾಕೇಜಲ್ಲಿಲ್ಲ ಸಾರ್, ನೋಡೋಕೆ ಅಲ್ಲೇನೂ ಇಲ್ಲ" ಅಂದರು. ಹಟ ಹಿಡಿದು ಇಳಿದೆವು, ನಾನು ಮತ್ತು ನನ್ನ ಹೆಂಡತಿ. ಉಳಿದವರೆಲ್ಲ ಎ.ಸಿ. ಹಾಕಿಸಿಕೊಂಡು ಒಳಗೇ ಕೂತರು. ಸ್ಮಾರಕದ ಮುಂದೆ ಚಪ್ಪಲಿ ಬಿಟ್ಟು ಕೈಮುಗಿಯುವಷ್ಟರಲ್ಲಿ ಹಾರನ್. ಪೇಟೆಯಲ್ಲಿ ಕೊಂಡಿದ್ದ ಮೊಳ ಹೂವನ್ನು ಅವಳು ಬಗ್ಗಿ ಇಡುತ್ತಿದ್ದಳು. ಮತ್ತೆ ಹಾರನ್. ಆ ಸದ್ದು ಇನ್ನೂ ನನ್ನ ಕಿವಿಯಲ್ಲಿದೆ.

1944ರ ಜನವರಿ 30ರಂದು, ಆಗ ಅಂಡಮಾನನ್ನು ಹಿಡಿದುಕೊಂಡಿದ್ದ ಜಪಾನಿ ಸೈನಿಕರು ಅಲ್ಲಿಗೆ 44 ಮಂದಿ ಭಾರತೀಯರನ್ನು ತಂದು ಗುಂಡಿಕ್ಕಿದರು. ಹೊರಿಸಿದ ಆರೋಪ, ಇಂಗ್ಲಿಷರ ಪರ ಬೇಹುಗಾರಿಕೆ. ಅವರಲ್ಲಿ ಹಲವರು ಇಂಡಿಯನ್ ಇಂಡಿಪೆಂಡೆನ್ಸ್ ಲೀಗಿನವರು, ಇಂಗ್ಲಿಷರು ತೊಲಗಲಿ ಎಂದು ದುಡಿದವರೇ. ಲೀಗಿನ ಮುಂದಾಳು, ಪಂಜಾಬಿ ಕವಿ ಡಾ. ದಿವಾನ್ ಸಿಂಗ್ ಚಿತ್ರಹಿಂಸೆಗೆ ಸಿಕ್ಕಿ ಅದೇ ತಿಂಗಳು ಸೆಲ್ಯುಲಾರ್ ಜೈಲಿನಲ್ಲಿ ಪ್ರಾಣಬಿಟ್ಟಿದ್ದರು. ನಾವು ಕಣ್ಣೊರೆಸಿಕೊಂಡ ಅದೇ ಜೈಲು! ಯುದ್ಧ ಮುಗಿಯುವ ಹೊತ್ತಿಗೆ, 1945ರ ಆಗಸ್ಟಿನಲ್ಲಿ, ಆಹಾರಕ್ಕೆ ಬರ ಬಂದಾಗ ನೂರಾರು ಜನರನ್ನು ಹ್ಯಾವ್‌ಲಾಕ್ ಬಳಿ ಕಡಲಿಗೆ ತಳ್ಳಿದರು. ಆ ನೀರಿನಲ್ಲಿ ಸ್ಕೂಬಾ ಮಾಡಿ ಸ್ಟೇಟಸ್ಸಿಗೆ ಫೋಟೊ ಹಾಕುತ್ತೇವೆ ನಾವು.

ಊರು ದೂರ, ಯಾರೂ ಹೇಳಲಿಲ್ಲ ಎಂಬ ನೆಪ ನನ್ನ ಹತ್ತಿರ ಬೇಡ. ಕೊಂದವರು ಇಂಗ್ಲಿಷರಲ್ಲ, ಅದಕ್ಕೇ ಮರೆತೆವು. 1943ರ ಡಿಸೆಂಬರ್ 30ರಂದು ನೇತಾಜಿ ಪೋರ್ಟ್ ಬ್ಲೇರಿನಲ್ಲಿ ಬಾವುಟ ಹಾರಿಸಿದ್ದನ್ನು ಎದೆಯುಬ್ಬಿಸಿ ಹೇಳುತ್ತೇವೆ, ಹೇಳಲೂಬೇಕು. ಆ ಹೊತ್ತಿಗೆ ದಿವಾನ್ ಸಿಂಗ್ ಜೈಲಿನಲ್ಲಿ ನರಳುತ್ತಿದ್ದರು, ಮುಂದಿನ ತಿಂಗಳ ಅದೇ ತಾರೀಖಿಗೆ ಈ 44 ಮಂದಿಯ ಕಥೆ ಮುಗಿದಿತ್ತು ಎಂಬುದನ್ನೂ ಸೇರಿಸಿದರೆ ಹೇಳುವ ಹುರುಪು ಕೆಡುತ್ತದೆ, ಅಲ್ಲವೇ? ಇದರಿಂದ, ಜಪಾನಿಯರ ಜೊತೆಗಿದ್ದ ನೇತಾಜಿಯ ಹೆಸರಿಗೆ ಮಸಿ ಹತ್ತೀತೆಂದು ಅಂಜಬೇಡಿ. ಮಸಿ ಹತ್ತಿರುವುದು ನಮ್ಮ ಮುಖಕ್ಕೆ. ಕೊಂದವನು ಯಾರೆಂದು ನೋಡಿಕೊಂಡು ಸತ್ತವನಿಗೆ ಅಳುವ ಈ ಬುದ್ಧಿಯನ್ನು ನಾನು ಕ್ಷಮಿಸಲಾರೆ. ಓದುಬರಹ ಇಲ್ಲದವರು ಹೀಗೆ ಮಾಡಿದ್ದಲ್ಲ. ಓದಿದವರು, ನಾವೇ, ಮಾಡಿದ್ದು.

ಪ್ರತಿ ಜನವರಿ 30ರಂದು ಬೆಳಗ್ಗೆ 11ಕ್ಕೆ ಹುತಾತ್ಮರಿಗಾಗಿ ಎರಡು ನಿಮಿಷ ಮೌನ ನಿಲ್ಲುತ್ತೇವೆ. ಗಾಂಧೀಜಿ ಗುಂಡಿಗೆ ಬೀಳುವ ನಾಲ್ಕು ವರ್ಷ ಮೊದಲು, ಅದೇ ತಾರೀಖು ಗುಂಡಿಗೆ ಬಿದ್ದವರು ಇವರು. ಮೇಷ್ಟ್ರುಗಳೇ, ಆ ಮೌನಕ್ಕೆ ಮುಂಚೆ ಮಕ್ಕಳಿಗೆ ಹಂಫ್ರಿಗಂಜ್ ಎಂಬ ಹೆಸರು ಹೇಳಿ. ಟಿಕೆಟ್ ಮಾಡಿಸುವವರೇ, ದುಡ್ಡು ಕಟ್ಟುವ ಮೊದಲೇ ಪ್ಯಾಕೇಜಿನಲ್ಲಿ ಈ ಜಾಗ ಬರೆಸಿಕೊಳ್ಳಿ. ಅರ್ಧ ಗಂಟೆಯ ಮಾತು. ಗಾಡಿಯಲ್ಲಿ ಕೂತವರನ್ನೂ ಇಳಿಸಿ, ಮಕ್ಕಳನ್ನು ಮುಂದೆ ನಿಲ್ಲಿಸಿ. ಹಾರನ್ ಹೊಡೆದರೆ ಹೊಡೆಯಲಿ, ಎರಡು ನಿಮಿಷ ಆಗುವ ತನಕ ಯಾರೂ ಕದಲಬೇಡಿ.